ಲ್ಯೂಕ್ ತೆಗೆಸಿದ ಒಂದು ಪುಟ

ಬೆಳಿಗ್ಗೆ ಡಿಕಾಕ್ಷನ್ ಇಳಿಯುವ ವಾಸನೆಗೆ ಲ್ಯೂಕ್ ನೆನಪಾದರು. ಆಸ್ಟಿನ್ನಿನಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಚಿತ್ರಕಥೆಗಾರ, ಕೆನಡಾದ ಫ್ರೆಂಚ್ ಮನೆಮಾತಿನವರು. ನಿನ್ನೆ ಅವರ ಹೊಸ ಸಿನಿಮಾ ನೋಡಿದ್ದೂ ಕಾರಣವಿರಬಹುದು. ಅದಕ್ಕೆ ಆಮೇಲೆ ಬರುತ್ತೇನೆ.

ತಮ್ಮೂರಲ್ಲಿ ಅವರು ಬರೆದ ಮೊದಲ ಸಿನಿಮಾ ಒಳ್ಳೆಯ ಹೆಸರು ತಂದಿತ್ತಂತೆ. ಅದನ್ನು ನಂಬಿ ಟೆಕ್ಸಸ್ಸಿಗೆ ಬಂದವರು ಇಪ್ಪತ್ತು ವರ್ಷ ಬೇರೆಯವರ ಇಂಗ್ಲಿಷ್ ಚಿತ್ರಕಥೆಗಳನ್ನು ರಿಪೇರಿ ಮಾಡಿದರು. ಪರದೆಯ ಮೇಲೆ ಹೆಸರಿಲ್ಲದ ಕೆಲಸ. ನನಗೆ ಪರಿಚಯವಾದಾಗ ಮಾಂಟ್ರಿಯಲ್‌ನಿಂದ ಫ್ರೆಂಚಿನಲ್ಲೇ ಇನ್ನೊಂದು ಬರೆಯಿರೆಂದು ಕರೆ ಬಂದಿತ್ತು. ಅವರು ಬರೆಯಲಾಗದೆ ಕೂತಿದ್ದರು.

"ನನ್ನ ಫ್ರೆಂಚಿಗೆ ವಯಸ್ಸಾಗಿದೆ. ಅಲ್ಲಿ ಮಗಳೊಬ್ಬಳು ಈಗ ಅಮ್ಮನ ಜೊತೆ ಹೇಗೆ ಜಗಳವಾಡ್ತಾಳೋ ಗೊತ್ತಿಲ್ಲ," ಎಂದರು. ಇಂಗ್ಲಿಷಿನಲ್ಲಿ ಹೇಳಿದ್ದು, ಕನ್ನಡದ ಪದಗಳು ನನ್ನವು.

ಅವರ ಸಂಕಟ ಆಗಲೇ ಅರ್ಥವಾಯಿತೆಂದು ಬರೆಯಲು ಆಸೆ. ಇಲ್ಲ, ನಾನು ನಮ್ಮೂರ ಕನ್ನಡಿಗರ ಯುಗಾದಿಯ ನಾಟಕದ ಗಡಿಬಿಡಿಯಲ್ಲಿದ್ದೆ. ಬರೆದದ್ದೂ ನಾನೇ, ರಿಹರ್ಸಲ್ಲೂ ನಮ್ಮ ಗರಾಜಿನಲ್ಲೇ. ಒಂದು ಭಾನುವಾರ ಲ್ಯೂಕ್ ಬಂದು ಕುರ್ಚಿ ಎಳೆದು ಕೂತರು. ಕನ್ನಡ ಒಂದಕ್ಷರ ಬಾರದು.

ಹೆಂಡತಿಯೊಡನೆ ಮುನಿಸಿಕೊಂಡ ಗಂಡನ ಪಾತ್ರ ಪಾಟೀಲ್ ಅಂಕಲ್‌ರದು. ಧಾರವಾಡದವರು, ನಿವೃತ್ತ ಡಾಕ್ಟರು. ಲೋಟದಿಂದ ಬಟ್ಟಲಿಗೆ ಸುರಿದು ಕಾಫಿ ಆರಿಸಿ ಹೆಂಡತಿಯ ಮುಂದಿಡುತ್ತಾರೆ. ಆಮೇಲೆ ಒಂದು ಪುಟ ಮಾತು.

"ಕಾಫಿ ಇಟ್ಟಾಗಲೇ ಸಾರಿ ಕೇಳಿಯಾಯ್ತಲ್ಲ," ಎಂದರು ಲ್ಯೂಕ್. "ಈಗೇನು ಹೇಳ್ತಿದ್ದಾರೆ?"

"ಸಾರಿ ಕೇಳ್ತಿದ್ದಾರೆ," ಎಂದೆ.

ಆ ಪುಟ ತೆಗೆಯೋಣವೆಂದು ನಾನು ಹೇಳಿದ್ದಕ್ಕೆ ಅಂಕಲ್ ಕೆರಳಿದರು. "ಡೈಲಾಗ್ ತಗದ್ರ ನಾ ಯಾಕ ಬರ್ಬೇಕ್ರೀ? ಕಾಫಿ ಕೊಡಾಕ? ಅದನ್ನ ಮನ್ಯಾಗ ದಿನಾ ಮಾಡ್ತೀನಿ!"

"ಯಾರ ಮನ್ಯಾಗ್ರೀ?" ಎಂದರು ಅಲ್ಲೇ ಕೂತಿದ್ದ ಅವರ ಹೆಂಡತಿ, ಆಂಟಿ.

ನಗುವಿನ ನಡುವೆ ನನ್ನ ಮಗಳು ಇಂಗ್ಲಿಷಿನಲ್ಲಿ, ಬೆಂಗಳೂರಿನ ಕಸಿನ್ಸ್ ಯಾರೂ ಹೀಗೆ ಮಾತಾಡಲ್ಲ, ನಿಮ್ಮ ಕನ್ನಡ ಹಳೇ ಸಿನಿಮಾದ್ದು ಎಂದಳು. ಲ್ಯೂಕ್ ಮಾತ್ರ ನಗಲಿಲ್ಲ. "ಓ, ನಿಮ್ಮ ಕನ್ನಡಕ್ಕೂ ವಯಸ್ಸಾಯ್ತಾ?" ಎಂದರು.

ಯುಗಾದಿಯ ದಿನ ಅಂಕಲ್ ಮಾತಿಲ್ಲದೆ ಕಾಫಿ ಇಟ್ಟರು. ಇಡೀ ಹಾಲ್ ಉಸಿರು ಬಿಗಿಹಿಡಿದಿತ್ತೆಂದು ನನ್ನ ನೆನಪು. ಮೈಕ್ ಕೆಟ್ಟಿತೆಂದು ಜನ ಕಾಯುತ್ತಿದ್ದರು ಎನ್ನುತ್ತಾರೆ ಅಂಕಲ್.

ಮರುವರ್ಷ ಲ್ಯೂಕ್ ಮಾಂಟ್ರಿಯಲ್‌ಗೆ ಮರಳಿದರು. ನಿನ್ನೆಯ ಸಿನಿಮಾದಲ್ಲಿ ಜಗಳವಾಡಿದ ಮಗಳೆದುರು ತಾಯಿ ಒಂದು ಕಪ್ಪಿನಿಂದ ಇನ್ನೊಂದಕ್ಕೆ ಕಾಫಿ ಸುರಿಯುತ್ತಾಳೆ, ಆರಿಸುತ್ತಾಳೆ, ಮುಂದಿಡುತ್ತಾಳೆ. ಮಾತಿಲ್ಲ. ಕೊನೆಯಲ್ಲಿ ಲ್ಯೂಕ್ ಹೆಸರು, ದೊಡ್ಡದಾಗಿ. ಅಲ್ಲಿನ ತಾಯಂದಿರೂ ಹಾಗೆ ಆರಿಸುತ್ತಾರೋ ಏನೋ.

ಅಂಕಲ್‌ಗೆ ಫೋನ್ ಮಾಡಿ ಹೇಳಿದೆ.

"ನಂದೇ ಸೀನ್ ಅದು! ನನ್ನ ಹೆಸರು ಹಾಕ್ಯಾನೇನು?"

"ಇಲ್ಲ ಅಂಕಲ್."

"ಡೈಲಾಗರ ಅದಾವೇನು?"

"ಒಂದೂ ಇಲ್ಲ."

"ಹಂಗಾರ ಚಲೋ ಬಂದಿರ್ತೈತಿ, ಬಿಡ್ರಿ."

ಇದನ್ನೆಲ್ಲ ಲ್ಯೂಕ್‌ಗೆ ಬರೆಯಲು ಕೂತು ಎರಡು ಪ್ಯಾರಾ ಬರೆದೆ. ಓದಿ ನೋಡಿ, ಅಳಿಸಿದೆ. ಮೇಜಿನ ಮೇಲೆ ಹಬೆಯಾಡುತ್ತಿದ್ದ ಲೋಟ-ಬಟ್ಟಲಿನ ಫೋಟೊ ತೆಗೆದು, ಅದೊಂದನ್ನೇ ಕಳಿಸಿದೆ.