ದಿಮ್ ಉಡದ ರಾಧೆಯ ಲಂಗ

ನಮ್ಮ ಅಪ್ಪಂದಿರೆಲ್ಲ ಎರಡು ಸೊನ್ನೆಗಳ ಭಯವನ್ನೇ ನಂಬಿ ಬದುಕುತ್ತಿದ್ದ ಕಾಲವದು. ಎರಡು ಸಾವಿರದ ಇಸವಿ ಬಂದರೆ ಕಂಪ್ಯೂಟರುಗಳು ದಿನಾಂಕ ತಪ್ಪುತ್ತವೆಂಬ ವೈ-ಟು-ಕೆ ದೋಷ ಸರಿಪಡಿಸಲು ಬೆಂಗಳೂರಿನಿಂದ ಅಮೆರಿಕಕ್ಕೆ ಬಂದ ಕುಟುಂಬಗಳಿಂದ ವೆಸ್ಟ್ ವಿಂಡ್ಸರ್‌ನ ನಮ್ಮ ಅಪಾರ್ಟ್‌ಮೆಂಟು ತುಂಬಿತ್ತು. ನಾನು ಹೇಳಹೊರಟ ದೀಪಾವಳಿ ಆ ಸೊನ್ನೆಗಳು ಬಂದುಹೋದ ಮೇಲಿನದು ಎಂದು ಅಮ್ಮ ವಾದಿಸುತ್ತಾರೆ. ಅವಧಿಗೆ ಮುನ್ನವೇ ನಿವೃತ್ತಳಾದರೂ ಸಂಶೋಧಕಿಯ ಚಾಳಿ ನನ್ನನ್ನು ಬಿಟ್ಟಿಲ್ಲ. ಅಂದು ತೆಗೆದ ಫೋಟೋದ ಹಿಂಬದಿಯ ದಿನಾಂಕದ ಮುದ್ರೆಯೊಡನೆ ತಾಳೆ ನೋಡಿದ್ದೇನೆ. ಅದು ಸೊನ್ನೆಗಳು ಬರುವುದಕ್ಕೆ ಹಿಂದಿನ ವರ್ಷದ್ದು.

ಆ ಬೇಸಿಗೆಯ ಕೊನೆಗೆ ದಿಮ್ ಬಂದಳು. ಮಣಿಪುರದ ಬೆಟ್ಟಸೀಮೆಯ ಝೋಮಿ ಜನ. ಅವಳು ಬೆಳೆದದ್ದು ಮಾತ್ರ ಬೆಂಗಳೂರಿನಲ್ಲಿ. ಅಜ್ಜಿಯ ಹೆಸರಿನ ಕೊನೆಯ ತುಣುಕಿನಿಂದ ಮೊಮ್ಮಗಳ ಹೆಸರನ್ನು ಆರಂಭಿಸುವುದು ಅವರ ಪದ್ಧತಿ. ಅಜ್ಜಿ ವುಂಗ್ ಝಾ ದಿಮ್. ಇವಳು ದಿಮ್ ಲಾಮ್ ಚಿಂಗ್. ಪಾರ್ಕಿಂಗ್ ಲಾಟಿನಲ್ಲಿ ಚಾಕ್‌ಪೀಸಿನಿಂದ ಮನೆ ಬರೆದು ನನಗೆ ಕುಂಟೆಬಿಲ್ಲೆ ಕಲಿಸಿದವಳು ಅವಳೇ. "ಗೆರೆ ತುಳ್ದೆ, ಔಟು. ಕಳ್ಳಾಟ ಆಡ್ಬೇಡ ಕಣೇ" ಎನ್ನುತ್ತಿದ್ದಳು. ಇಂಗ್ಲಿಷಿನಲ್ಲೇ ಉತ್ತರಿಸುತ್ತಿದ್ದ ನಾನು ಅವಳೊಡನೆ ಜಗಳವಾಡಲೆಂದೇ ಕನ್ನಡ ಕಲಿತೆ. ಅವರ ಮನೆಯಲ್ಲಿ ಹೊಗೆಯಾಡಿಸಿದ ಹಂದಿಮಾಂಸದ ಘಮ. ನನಗೆಂದು ಅವಳ ಅಮ್ಮ ಬೇರೆ ಪಾತ್ರೆಯಲ್ಲಿ ಅಕ್ಕಿ-ಸೊಪ್ಪಿನ ಗಂಜಿ ಬೇಯಿಸಿ, ತಮ್ಮ ನುಡಿಯಲ್ಲಿ ಪ್ರಾರ್ಥಿಸಿದ ಮೇಲೆ ಬಡಿಸುತ್ತಿದ್ದರು.

ದೀಪಾವಳಿಗೆ ಮಕ್ಕಳು ಒಂದೊಂದು ರಾಜ್ಯದ ಉಡುಗೆ ತೊಟ್ಟು ವೇದಿಕೆಯ ಮೇಲೆ ನಡೆಯುವ ಭಾರತದ ರಾಜ್ಯಗಳ ಮೆರವಣಿಗೆ ಏರ್ಪಾಡಾಯಿತು. ವೇದಿಕೆ ಹತ್ತಬೇಕೆಂದು ದಿಮ್‌ಗೆ ನನಗಿಂತ ಹೆಚ್ಚಿನ ಆಸೆ. ವ್ಯವಸ್ಥೆಯ ಹೊಣೆ ಹೊತ್ತಿದ್ದ ಸುಮಾ ಆಂಟಿ ಅವಳಿಗಾಗಿ ಮ್ಯಾನ್‌ಹಟನ್‌ನಿಂದ ಕನ್ನಡಿ ಹೊಲಿದ, ಡಬ್ಬದಂತೆ ಸೆಟೆದು ನಿಲ್ಲುವ, ಮಣಿಪುರಿ ರಾಸನೃತ್ಯದ ರಾಧೆಯ ಲಂಗವನ್ನು ಬಾಡಿಗೆಗೆ ತಂದರು. ದಿಮ್‌ಳ ಅಮ್ಮ ಅದನ್ನು ಮುಟ್ಟಲಿಲ್ಲ. ಚೀಲದಿಂದ ಕೆಂಪು ಪಟ್ಟೆಗಳ ಕಪ್ಪು ಪುವಾನ್ ತೆಗೆದರು. ಅದು ಅಜ್ಜಿ ನೆಯ್ದ ಹೊದಿಕೆ. ಅವರ ಮಾತನ್ನು ದಿಮ್ ಕನ್ನಡಕ್ಕೆ ತಂದಳು:

"ಆಂಟಿ, ಅದು ಕಣಿವೆಯವರ ಡ್ರೆಸ್ಸಂತೆ. ನಾವು ಬೆಟ್ಟದವ್ರು, ಝೋಮಿ. ನಾನು ಇದನ್ನ ಉಟ್ಕೊಂಡ್ ನಡೀತೀನಿ."

"ಮಣಿಪುರ ಅಂದ್ರೆ ಮಣಿಪುರಿ ಡಾನ್ಸ್ ಅಲ್ವಾ ಪುಟ್ಟಿ? ಈ ಶಾಲು ಸ್ಟೇಜ್ ಮೇಲೆ ಡಲ್ ಆಗತ್ತೆ." ಆಮೇಲೆ ಆಂಟಿ ನನ್ನ ಅಮ್ಮನ ಕಡೆ ತಿರುಗಿದರು. "ಚರ್ಚಿಗೆ ಹೋಗೋರಿಗೆ ದೀಪಾವಳಿ ಯಾಕ್ರೀ? ನೋಡೋಕೂ ಇಂಡಿಯನ್ಸ್ ಥರ ಇಲ್ಲ."

ಅಮ್ಮ ನಕ್ಕರು. ಏನಂದರೆಂದು ದಿಮ್‌ಳ ತಾಯಿ ಮಗಳನ್ನು ಕೇಳಿದರು. ದಿಮ್ ತಮ್ಮ ನುಡಿಯಲ್ಲಿ ಏನೋ ಚುಟುಕಾಗಿ ಹೇಳಿ, ಪುವಾನನ್ನು ಅಂಚಿಗೆ ಅಂಚು ಸೇರಿಸಿ ಮಡಚಿದಳು. ಕೇಳಿದ್ದನ್ನು ಅವಳು ಹೇಳಲಿಲ್ಲವೆಂಬುದು ಆ ತಾಯಿಯ ಮುಗುಳ್ನಗೆಯಿಂದಲೇ ತಿಳಿಯುತ್ತಿತ್ತು.

ಲಂಗವನ್ನು ಸುಮಾ ಆಂಟಿಯ ಮಗಳು ತೊಟ್ಟಳು. ಚಪ್ಪಾಳೆಯೂ ಬಿತ್ತು. ದಿಮ್ ಮತ್ತು ಅವಳ ತಾಯಿ ಮೂರನೆಯ ಸಾಲಿನಲ್ಲಿ ಪುವಾನನ್ನು ತೊಡೆಯ ಮೇಲಿಟ್ಟುಕೊಂಡು ಕೊನೆಯವರೆಗೂ ಕುಳಿತಿದ್ದರು.

ಸೋಮವಾರ ಬಸ್ ಸ್ಟಾಪಿನಲ್ಲಿ ನಾನೇ ಕರೆದೆ: "ಸಂಜೆ ಕುಂಟೆಬಿಲ್ಲೆ ಆಡೋಣ ಬಾರೇ."

"ಐ ಹ್ಯಾವ್ ಹೋಮ್‌ವರ್ಕ್" ಎಂದಳು.

ಮತ್ತೆಂದೂ ಅವಳ ಬಾಯಲ್ಲಿ ಕನ್ನಡ ಕೇಳಲಿಲ್ಲ. ವಸಂತ ಬರುವಷ್ಟರಲ್ಲಿ ಅವರು ತಮ್ಮವರ ಚರ್ಚು ಇರುವ ಊರನ್ನು ಹುಡುಕಿಕೊಂಡು ಹೊರಟುಹೋದರು. ಆಮೇಲೆ ನನ್ನೊಡನೆ ಕನ್ನಡದಲ್ಲಿ ಜಗಳವಾಡುವವರು ಆ ಅಪಾರ್ಟ್‌ಮೆಂಟಿನಲ್ಲಿ ಯಾರೂ ಉಳಿಯಲಿಲ್ಲ. ಫೋಟೋ ನನ್ನಲ್ಲಿದೆ. ಮಣಿಪುರವೆಂಬ ಫಲಕ ಹಿಡಿದು ನಗುತ್ತಿರುವವಳು ಸುಮಾ ಆಂಟಿಯ ಮಗಳು, ಬೆಂಗಳೂರಿನ ಜಯನಗರದ ಹುಡುಗಿ. ಅದರಲ್ಲಿ ನಾನು ನಂಬಬಹುದಾದದ್ದು ಹಿಂಬದಿಯ ದಿನಾಂಕವೊಂದೇ.