ಹೂಂ ಅನ್ನಬೇಕಾದವರು ಯಾರು

ನಖೋನ್ ಸವಾನ್ ಪಟ್ಟಣದ ಮಾರುಕಟ್ಟೆಯಲ್ಲಿ ಮೀನು ಮಾರುವ ಬುಪ್ಪಾಳ ಕೈ ಅಂದರೆ ಹೆಸರುವಾಸಿ. ತೊಟ್ಟಿಯಲ್ಲಿ ಮಿಸುಕಾಡುವ ಮೀನನ್ನು ಎತ್ತಿ ಕೊಡತಿಯಿಂದ ತಲೆಗೊಂದು ಕೊಟ್ಟಳೆಂದರೆ ಮುಗಿಯಿತು. ಗಿರಾಕಿ ಪಕ್ಕದಂಗಡಿಯಲ್ಲಿ ಬದನೆಕಾಯಿ ಆರಿಸಿಕೊಂಡು ಬರುವಷ್ಟರಲ್ಲಿ ಮೀನು ಹಸನಾಗಿ ಚೀಲದಲ್ಲಿರುತ್ತಿತ್ತು. ಅಂಥ ಹೆಂಗಸು ನಾಯಿಗೊಂದು ಸೂಜಿ ಹಾಕಿಸಲು ಹೆದರಿ ಕೂತಿದ್ದಳು. ನೆನೆಸಿಕೊಂಡರೆ ಅವಳಿಗೇ ನಗು ಬರುತ್ತಿತ್ತು.

ಥಾಂಗ್ ಎಂಬ ಆ ಮುದಿ ನಾಯಿಯ ಹೊಟ್ಟೆಯಲ್ಲಿ ಗೆಡ್ಡೆ ಬೆಳೆದಿತ್ತು. ಏಳಲಾರದು, ತಿನ್ನಲಾರದು, ಬರೀ ನರಳಾಟ.

"ಇನ್ನು ಔಷಧಿ ನಾಟಲ್ಲ ಅಕ್ಕ, ಸೂಜಿ ಹಾಕಿ ಕಳಿಸಿಕೊಡೋಣ," ಅಂದಳು ಆಸ್ಪತ್ರೆಯ ಪಶುವೈದ್ಯೆ. "ಆದ್ರೆ ನೀವು ಬಾಯ್ಬಿಟ್ಟು ಹೇಳ್ದೆ ನಾನು ಮುಟ್ಟಲ್ಲ."

ಹೇಳಿದವರಿಗೇ ಪಾಪ ಅಂಟುತ್ತದೆಂದು ಊರಿಗೆಲ್ಲ ಗೊತ್ತು. ಬುಪ್ಪಾ ಗಂಡನ ಮುಖ ನೋಡಿದಳು. ಥವಿನ್ ಫ್ಯಾನು ನೋಡಿದ.

"ನಾಯಿ ತಂದೋಳು ನೀನು," ಅಂದ.

"ತಟ್ಟೆಯಲ್ಲಿದ್ದಿದ್ದೆಲ್ಲ ತಿನ್ನಿಸಿ ಸಲಹಿದ್ದು ನೀವು."

ಕೊನೆಗೆ ಇಬ್ಬರೂ ನಾಯಿಯನ್ನು ಹೊತ್ತುಕೊಂಡು ಮನೆಗೆ ವಾಪಸಾದರು.

ಮರುದಿನ ಬುಪ್ಪಾ ಒಂದು ಬುಟ್ಟಿ ಮಾವಿನಹಣ್ಣಿನೊಂದಿಗೆ ವಿಹಾರಕ್ಕೆ ಹೋದಳು. ಹಿರಿಯ ಭಿಕ್ಷು ಹೂಂ ಅಂದುಬಿಟ್ಟರೆ ತನ್ನ ತಲೆಯ ಭಾರ ಇಳಿಯಿತು ಎಂಬ ಲೆಕ್ಕ ಅವಳದು.

ವಿಷಯ ಕೇಳಿ ಭಿಕ್ಷು ನಕ್ಕರು. "ಹಣ್ಣಿನ ಜೊತೆ ಪಾಪದ ಗಂಟನ್ನೂ ತಂದ್ಯೇನಮ್ಮ? ಹಣ್ಣು ಇಟ್ಟು ಹೋಗು, ಗಂಟು ತಗೊಂಡು ಹೋಗು. ಮೀನಿಗೆ ಹೊಡೆಯೋವಾಗ ಯಾರನ್ನ ಕೇಳ್ತೀಯ?"

"ಮೀನು ನನ್ನ ಕಾಲ ಹತ್ರ ಮಲಗಲ್ಲ, ಗುರುಗಳೇ."

ದಾರಿಯುದ್ದಕ್ಕೂ ತನ್ನನ್ನೇ ಬೈದುಕೊಂಡಳು. ಎಂಥ ಶೂರಳು ನಾನು! ಮಾವಿನಹಣ್ಣು ಕೊಟ್ಟು ಸನ್ಯಾಸಿಯ ತಲೆಗೆ ಕಟ್ಟಲು ಹೋದೆನಲ್ಲ!

ಮನೆ ಬಾಗಿಲಲ್ಲಿ ಅವಳ ಸಪ್ಪಳ ಕೇಳಿ ಥಾಂಗ್ ಏಳಲು ಹೋಯಿತು. ಹಿಂಗಾಲು ಕುಸಿದು, ಬಿದ್ದಲ್ಲೇ ಉಚ್ಚೆ ಹೊಯ್ದುಕೊಂಡು, ನಾಚಿದಂತೆ ಮುಖ ತಿರುಗಿಸಿತು. ಬುಪ್ಪಾ ಬಟ್ಟೆ ತಂದು ಒರೆಸಿದಳು. ತಂತಮ್ಮ ಪುಣ್ಯ ಕೆಡಬಾರದೆಂದು ತಾವೆಲ್ಲ ಚೌಕಾಸಿ ಮಾಡುತ್ತಿದ್ದರೆ ನೋವು ತಿನ್ನುತ್ತಿದ್ದದ್ದು ಈ ಮೂಕಪ್ರಾಣಿ.

ಸಂಜೆ ಆಸ್ಪತ್ರೆಯಲ್ಲಿ ಥಾಂಗ್ ಮಲಗಿದ್ದ ಮೇಜಿನ ಮುಂದೆ ಮಲ್ಲಿಗೆ ಹಾರ ಹಿಡಿದು, ಸಾಯುವವರ ಮುಂದೆ ಎಲ್ಲರೂ ಮಾಡುವಂತೆ, ಕೈಮುಗಿದು ಕ್ಷಮೆ ಕೇಳಿದಳು. "ಹೊಡೆದಿದ್ರೆ, ಬೈದಿದ್ರೆ, ಹಸಿದಿರೋ ಹಾಗೆ ಬಿಟ್ಟಿದ್ರೆ ಹೊಟ್ಟೆಗೆ ಹಾಕ್ಕೋ ಮಗನೇ. ಬಾಗಿಲಿಗೆ ಬಾಲ ಸಿಕ್ಕಿಸ್ಕೊಂಡಿದ್ದು ಮಾತ್ರ ನಿಂದೇ ತಪ್ಪು."

ಆಮೇಲೆ ವೈದ್ಯೆಯ ಕಡೆ ತಿರುಗಿದಳು. "ಸೂಜಿ ಹಾಕಮ್ಮ. ನಾನು ಹೇಳ್ತಿದೀನಿ."

ಅವಳ ಅಂಗೈಯಲ್ಲಿ ಮೂತಿ ಇಟ್ಟುಕೊಂಡೇ ಥಾಂಗ್ ಹೋಯಿತು. ಥವಿನ್ ಗೊಳೋ ಎಂದು ಅತ್ತ, ಅತ್ತು ಸಾಕಾದ ಮೇಲೆ ಹತ್ತಿರ ಬಂದು ಮೆಲ್ಲಗೆ ಅಂದ, "ಪಾಪದಲ್ಲಿ ಅರ್ಧ ನನಗಿರಲಿ ಕಣೆ."

ಬುಪ್ಪಾ ನಾಯಿಯನ್ನು ಎದೆಗವಚಿಕೊಂಡಳು. "ಚೂರೂ ಕೊಡಲ್ಲ," ಅಂದಳು. "ನಾಯಿ ನಂದು."