ಹೂ ಕೇಳಿ ಬಂದ ಮೇಲೆ

ತಮ್ಮನ ಎರಡೂ ಕಿಡ್ನಿ ಕೈಕೊಟ್ಟಾಗ ಮನೆಯಲ್ಲಿ ಅವನಿಗೆ ಹೊಂದಿಕೆಯಾದದ್ದು ನನ್ನದೊಂದೇ. ಅಜ್ಜಂಪುರದಲ್ಲಿ ವೆಲ್ಡಿಂಗ್ ಅಂಗಡಿ ಇಟ್ಟುಕೊಂಡಿದ್ದ ಅವನು ಒಮ್ಮೆಯೂ ಬಾಯಿಬಿಟ್ಟು ಕೇಳಲಿಲ್ಲ. ತರೀಕೆರೆಯ ನಮ್ಮ ಮನೆಯಲ್ಲಿ ನನ್ನ ಗಂಡ, "ನಿನ್ ಇಷ್ಟ ಕಣೇ. ನಾನು ಹೂಂ ಅನ್ನಲ್ಲ, ಉಹೂಂ ಅನ್ನಲ್ಲ" ಎಂದರು. ಯಾರಾದರೂ ಗದರಿಸಿಯಾದರೂ ಒಂದು ದಾರಿ ಹೇಳಬಾರದೇ ಅನ್ನಿಸುತ್ತಿತ್ತು.

ಕೊನೆಗೆ ನಾನೇ ಅವ್ವನಿಗೆ, "ಅಮ್ಮನೋರ ಹತ್ರ ಹೂ ಕೇಳಣ" ಎಂದೆ. ಬುಕ್ಕಾಂಬುಧಿ ಕೆರೆಯ ಆಚೆ ನಮ್ಮ ಮನೆದೇವರ ಗುಡಿ. ಮದುವೆಗೂ ಬೋರ್‌ವೆಲ್‌ಗೂ ನಮ್ಮವರು ಕೇಳುವುದು ಅಲ್ಲೇ. ದೇವಿಯ ಬಲಗಡೆಯಿಂದ ಹೂ ಬಿದ್ದರೆ ಆಗಬಹುದು, ಎಡಗಡೆಯಿಂದ ಬಿದ್ದರೆ ಬೇಡ. ಅವ್ವ, ತಮ್ಮ, ನಾನು ಮೂವರೂ ಹೋಗಿ, ನಾನು ಕಿಡ್ನಿ ಕೊಡಬಹುದಾ ಎಂದು ಕೇಳಿದೆವು. ಮಂಗಳಾರತಿ ಮುಗಿದು ಸ್ವಲ್ಪ ಹೊತ್ತಿಗೆ ಎಡಭುಜದ ಸೇವಂತಿಗೆ ಜಾರಿ ಕೆಳಗೆ ಬಿತ್ತು.

ಅವ್ವ ಸೆರಗನ್ನು ಬಾಯಿಗೊತ್ತಿಕೊಂಡಳು. ತಮ್ಮ ನನ್ನ ಕಡೆ ತಿರುಗಿ ನಗಲು ನೋಡಿದ. "ಬಿಡಕ್ಕ, ಆಯ್ತು. ನಿಂದೇನೂ ತಪ್ಪಿಲ್ಲ."

ನನಗೆ ಹಗುರವಾಯಿತು. ತುಂಬಿದ ಬಸ್ಸಿನಲ್ಲಿ ಸೀಟು ಸಿಕ್ಕಿದಾಗ ಆಗುವಂಥ ಹಗುರ. ತರೀಕೆರೆಗೆ ಹಿಂತಿರುಗಿದ ಮೇಲೆ ಆ ಹಗುರವೇ ನನ್ನನ್ನು ಹಿಂಸಿಸತೊಡಗಿತು. ದೇವಿಯನ್ನು ನಾನು ನಂಬುತ್ತೇನೆ. ಆದರೆ ಅವಳನ್ನು ಕೇಳೋಣವೆಂದು ತೀರ್ಮಾನಿಸಿದವಳು ನಾನು. ಅವಳು ಬೇಡವೆಂದಳು ಎಂದುಕೊಂಡು ಕೂತರೂ, ಕೊಡದೆ ಉಳಿದವಳು ನಾನೇ.

ವಾರ ಕಳೆದ ಮೇಲೆ ಅವ್ವನಿಗೆ ಫೋನ್ ಮಾಡಿ, ಕೊಡುತ್ತೇನೆಂದು ಹೇಳಿದೆ. ಅವ್ವ ಅತ್ತಳು. "ಅಮ್ಮನೋರೇ ಬೇಡ ಅಂದವ್ರೆ. ಏನಾದ್ರೂ ಆದ್ರೆ ಯಾರ್ನ ಕೇಳ್ಲಿ ನಾನು?"

"ನನ್ನೇ ಕೇಳವ್ವ," ಎಂದೆ.

ಆಸ್ಪತ್ರೆಯಲ್ಲಿ ನನ್ನೊಬ್ಬಳನ್ನೇ ಒಳಗೆ ಕರೆದು, ಯಾರಾದರೂ ಒತ್ತಾಯ ಮಾಡಿದ್ದಾರಾ ಎಂದು ಡಾಕ್ಟರು ಕೇಳಿದರು. ಇಲ್ಲವೆಂದೆ. ಅಷ್ಟು ಸಣ್ಣ ಮಾತು ಹೇಳುವುದಕ್ಕೆ ಕುರ್ಚಿಯ ಕೈ ಹಿಡಿದುಕೊಳ್ಳಬೇಕಾಯಿತು.

ನಾನು ಕೊಟ್ಟ ಕಿಡ್ನಿ ಕೆಲವು ವರ್ಷ ಚೆನ್ನಾಗಿ ಕೆಲಸ ಮಾಡಿತು. ತಮ್ಮ ಮತ್ತೆ ಅಂಗಡಿ ತೆರೆದ, ಮಗಳನ್ನು ಸ್ಕೂಲಿಗೆ ಸೇರಿಸಿದ, ಡಯಾಲಿಸಿಸ್ ಮಾಡಿಸುವಾಗ ಅಳೆದು ಕುಡಿಯುತ್ತಿದ್ದ ನೀರನ್ನು ಬಾಯಾರಿದಾಗಲೆಲ್ಲ ಹೊಟ್ಟೆತುಂಬ ಕುಡಿದ. ಆಮೇಲೆ ಅವನ ದೇಹ ಆ ಕಿಡ್ನಿಯನ್ನು ಒಲ್ಲೆ ಅಂದಿತು. ಈಗ ಮತ್ತೆ ಕಡೂರಿನಲ್ಲಿ ಡಯಾಲಿಸಿಸ್. ಬಿಡುವಾದಾಗ ನಾನೂ ಜೊತೆಗೆ ಹೋಗುತ್ತೇನೆ.

ಹೋದ ತಿಂಗಳು ಮಷಿನ್ನಿನ ಪಕ್ಕ ಮಲಗಿದ್ದವನು ಕೇಳಿದ, "ಸುಮ್ನೆ ಹಾಳಾಯ್ತು ಅನ್ಸತ್ತಾ ಅಕ್ಕ?"

"ಒಂದೊಂದ್ ದಿನ ಅನ್ಸತ್ತೆ ಕಣೋ," ಎಂದೆ. ಅವನಿಗೆ ಸುಳ್ಳು ಹೇಳುವ ಮನಸ್ಸಾಗಲಿಲ್ಲ. "ಆದ್ರೂ ಕೊಟ್ಟಿದ್ದು ನಾನೇ. ಯಾರೂ ಕೊಡಿಸಿದ್ದಲ್ಲ."

"ತಗಂಡಿದ್ದೂ ನಾನೇ ಕಣಕ್ಕ," ಎಂದು ಅವನು ಕಣ್ಣು ಮುಚ್ಚಿಕೊಂಡ.